ಟೆಲಿವಿಷನ್: ಪೆಟ್ಟಿಗೆಗಿಂತ ಮುಂಚೆ ಹುಟ್ಟಿದ ಪದ

‘ಟೆಲಿ’ ಅಂದ್ರೆ ಗ್ರೀಕ್‌ನಲ್ಲಿ ದೂರ, ‘ವಿಷನ್’ ಬಂದಿದ್ದು ನೋಟ ಅನ್ನೋ ಅರ್ಥದ ಲ್ಯಾಟಿನ್ ಪದದಿಂದ, ನಮ್ಮ ‘ದೂರದರ್ಶನ’ ಇದರದ್ದೇ ಪಡಿಯಚ್ಚು. ತಮಾಷೆ ಏನಂದ್ರೆ ಇದು ಕೂಸು ಹುಟ್ಟೋಕೆ ಮುಂಚೆ ಹೊಲಿದ ಕುಲಾವಿ. 1900ರಲ್ಲಿ ಪ್ಯಾರಿಸ್‌ನ ವಿದ್ಯುತ್ ಸಮ್ಮೇಳನದಲ್ಲಿ ರಷ್ಯಾದ ಕಾನ್‌ಸ್ಟಾಂಟಿನ್ ಪೆರ್ಸ್ಕಿ ಈ ಪದ ಬಳಸಿದಾಗ ಟಿವಿ ಅನ್ನೋ ವಸ್ತು ಎಲ್ಲೂ ಇರಲಿಲ್ಲ.

ದೂರದ್ದನ್ನ ತೋರಿಸ್ಬೇಕು ಅಂದ್ರೆ ಚಿತ್ರಾನ ಇಡಿಯಾಗಿ ಕಳ್ಸೋಕಾಗಲ್ಲ, ಗೆರೆಗೆರೆಯಾಗಿ ಸೀಳಿ, ಒಂದೊಂದು ಗೆರೆಯ ಬೆಳಕು ಕತ್ತಲೆಯನ್ನ ಸಿಗ್ನಲ್ ಮಾಡಿ ಕಳ್ಸಿ, ಆ ಕಡೆ ಅದೇ ಕ್ರಮದಲ್ಲಿ ಮತ್ತೆ ಜೋಡಿಸ್ಬೇಕು, ಅದೂ ಕಣ್ಣಿಗೆ ಗೊತ್ತಾಗದಷ್ಟು ಬೇಗ. ಇದೇ ಸ್ಕ್ಯಾನಿಂಗ್. ಸುರುಳಿಯಾಗಿ ತೂತು ಕೊರೆದ ತಟ್ಟೆ ತಿರುಗಿಸಿ ಹೀಗೆ ಮಾಡ್ಬಹುದು ಅಂತ ಜರ್ಮನಿಯ ಪಾಲ್ ನಿಪ್ಕೋ 1884ರಲ್ಲೇ ಹೊಳೆಸಿಕೊಂಡಿದ್ದ.

ಅದನ್ನ ಮಾಡಿ ತೋರಿಸಿದ್ದು ಸ್ಕಾಟ್ಲೆಂಡಿನ ಜಾನ್ ಲೋಗಿ ಬೇರ್ಡ್. 1925ರಲ್ಲಿ ಲಂಡನ್ನಿನ ಒಂದು ಮಾಳಿಗೆ ಕೋಣೆಯಲ್ಲಿ ಬೊಂಬೆಯ ತಲೆ ಪರದೆ ಮೇಲೆ ಮೂಡಿದ್ದೇ ತಡ, ಕೆಳಗಡೆ ಓಡಿಹೋಗಿ ವಿಲಿಯಂ ಟೇಂಟನ್ ಅನ್ನೋ ಆಫೀಸ್ ಹುಡುಗನ್ನ ಎಳ್ಕೊಂಡು ಬಂದು ಬೊಂಬೆ ಜಾಗದಲ್ಲಿ ಕೂರಿಸ್ದ, ಪರದೆ ನೋಡಿದ್ರೆ ಖಾಲಿ! ದೀಪದ ಝಳ ತಡೀಲಾರದೆ ಹುಡುಗ ಹಿಂದೆ ಸರಿದುಬಿಟ್ಟಿದ್ದ, ಕೈಗೆ ಅರ್ಧ ಕ್ರೌನ್ ಇಟ್ಟು ಒಪ್ಪಿಸ್ಬೇಕಾಯ್ತು. (ಟಿವಿಯಲ್ಲಿ ಕಾಣಿಸ್ಕೊಳ್ಳೋಕೆ ದುಡ್ಡು ಕೊಡೋ ಪದ್ಧತಿ ಅಲ್ಲಿಂದಲೇ ಶುರು ಅನ್ನಿ.) 1926ರ ಜನವರಿಯಲ್ಲಿ ವಿಜ್ಞಾನಿಗಳ ಮುಂದೆ ತೋರಿಸಿದ ಚಿತ್ರದಲ್ಲಿ ಇದ್ದಿದ್ದು ಬರೀ 30 ಗೆರೆ.

ಆದ್ರೆ ತಿರುಗೋ ತಟ್ಟೆ ಬಹಳ ದಿನ ಬಾಳಲಿಲ್ಲ. 1927ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದಲ್ಲಿ ಫೈಲೋ ಫಾರ್ನ್ಸ್‌ವರ್ತ್ ತಟ್ಟೆಯ ಗೊಡವೆಯೇ ಇಲ್ಲದೆ ಎಲೆಕ್ಟ್ರಾನ್‌ಗಳಿಂದಲೇ ಒಂದು ನೆಟ್ಟನೆ ಗೆರೆಯ ಚಿತ್ರ ಕಳಿಸ್ದ, ಹೊಲದ ಸಾಲುಗಳನ್ನ ನೋಡಿ ಹುಡುಗನಾಗಿದ್ದಾಗಲೇ ಹೊಳೆದ ಐಡಿಯಾ ಅಂತೆ ಅದು. ಟಿವಿ ಕಂಡುಹಿಡಿದವರು ಯಾರು ಅಂದ್ರೆ ಒಂದೇ ಹೆಸರು ಹೇಳೋದು ನನ್ನ ಪ್ರಕಾರ ತಪ್ಪು.

ಸಮಾಜದ ಮೇಲೆ ಆದ ಪರಿಣಾಮ ನೋಡ್ಬೇಕಂದ್ರೆ 1960ರಲ್ಲಿ ಅಮೆರಿಕದ ಅಧ್ಯಕ್ಷ ಚುನಾವಣೆಗೆ ನಿಂತಿದ್ದ ಕೆನಡಿ ಮತ್ತು ನಿಕ್ಸನ್ ಟಿವಿಯಲ್ಲಿ ನಡೆಸಿದ ಚರ್ಚೆ ಸಾಕು. ಮೊಣಕಾಲು ನೋವಿಗೆ ಆಸ್ಪತ್ರೆ ಸೇರಿ ಬಂದಿದ್ದ ನಿಕ್ಸನ್ ಮುಖ ಪೇಲವವಾಗಿತ್ತು, ಕೆನಡಿ ಲವಲವಿಕೆಯಿಂದ ಇದ್ರು, ಆಮೇಲೆ ಜನ ಮಾತಿಗಿಂತ ಮುಖದ ಬಗ್ಗೆಯೇ ಜಾಸ್ತಿ ಮಾತಾಡಿದ್ರು. ರೇಡಿಯೋ ಕಾಲದಲ್ಲಿ ಲೀಡರ್‌ಗೆ ಗಂಟಲು ಚೆನ್ನಾಗಿದ್ರೆ ಸಾಕಿತ್ತು. 1969ರಲ್ಲಂತೂ ಚಂದ್ರನ ಮೇಲೆ ಕಾಲಿಟ್ಟಿದ್ದನ್ನ ಕೋಟ್ಯಂತರ ಜನ ಕೂತಲ್ಲೇ ನೋಡಿದ್ರು.

ಈಗ ನಾವು ‘ಟಿವಿ ಹಾಕು’ ಅಂತೀವಿ, ಅಂದ್ರೆ ನಮಗೆ ಅದು ಪೆಟ್ಟಿಗೆ, ಪೆರ್ಸ್ಕಿಗೆ ಅದು ನೋಡೋ ಕೆಲಸ. ಆ ಲೆಕ್ಕದಲ್ಲಿ ಮೊಬೈಲಿನ ವಿಡಿಯೋ ಕಾಲ್ ಕೂಡ ಟೆಲಿವಿಷನ್ನೇ.