ತೆರಿಗೆ ನಿಯಮ ಬರೆಯುವುದು ಯಾವ ಕೋಣೆಯಲ್ಲಿ?

ವಿಶ್ವಸಂಸ್ಥೆಯಲ್ಲಿ ಈಗ ಒಂದು ತೆರಿಗೆ ಒಪ್ಪಂದದ ಮಾತುಕತೆ ನಡೆಯುತ್ತಿದೆ. 2027ರಲ್ಲಿ ಅದು ಮುಗಿಯಬೇಕು. ಪ್ಯಾರಿಸ್‌ನಲ್ಲಿರುವ ಶ್ರೀಮಂತ ದೇಶಗಳ ಕೂಟ ಒಇಸಿಡಿಯಲ್ಲಿ ಆದ, ದೊಡ್ಡ ಕಂಪನಿಗಳ ಲಾಭದ ಮೇಲೆ ಶೇ 15ರ ಕನಿಷ್ಠ ತೆರಿಗೆಯ ಒಪ್ಪಂದ ಬೇರೆ. ಇವೆರಡರ ಮಧ್ಯೆ 2024ರಲ್ಲಿ ಬ್ರೆಜಿಲ್ ಜಿ20ಯಲ್ಲಿ ಅತಿ ಶ್ರೀಮಂತರ ಆಸ್ತಿಯ ಮೇಲೆ ವರ್ಷಕ್ಕೆ ಶೇ 2ರಷ್ಟಾದರೂ ತೆರಿಗೆ ಬರಲಿ ಎಂಬ ಮಾತು ಎತ್ತಿತು. ಸುದ್ದಿ ಓದುವವರಿಗೆ ಇದು ಮೂರು ಬೇರೆ ಬೇರೆ ವಿಷಯವೋ, ಒಂದೇ ವಿಷಯವೋ ತಿಳಿಯುವುದಿಲ್ಲ. ಮೂರರ ಹಿಂದೆಯೂ ಇರುವುದು ಅದೇ ಹಳೆಯ ಜಗಳ. ಅದನ್ನು ಬೀದಿಗೆ ತಂದದ್ದು ಸರ್ಕಾರಗಳಲ್ಲ, ನಾಗರಿಕ ಸಂಘಟನೆಗಳು.

ಮೂಲ ಪ್ರಶ್ನೆ ಸರಳ. ಒಂದು ದೇಶದ ಕಂಪನಿ ಇನ್ನೊಂದು ದೇಶದಲ್ಲಿ ಲಾಭ ಮಾಡಿದರೆ ತೆರಿಗೆ ಯಾರಿಗೆ? 1920ರ ದಶಕದಲ್ಲಿ ಲೀಗ್ ಆಫ್ ನೇಷನ್ಸ್ ಇದಕ್ಕೆ ಉತ್ತರ ಹುಡುಕಿತು. 1928ರಲ್ಲಿ ಮಾದರಿ ಒಪ್ಪಂದಗಳು ಬಂದವು. ವ್ಯಾಪಾರ ನಡೆಯುವ ದೇಶಕ್ಕೆ ಸ್ವಲ್ಪ ಹಕ್ಕು ಸಿಕ್ಕಿತು. ಬಡ್ಡಿ, ಲಾಭಾಂಶದಂಥ ಆದಾಯದಲ್ಲಿ ಬಂಡವಾಳ ಹಾಕಿದವರ ದೇಶಕ್ಕೇ ಜಾಸ್ತಿ. ಆಗ ಏಷ್ಯಾ, ಆಫ್ರಿಕಾದ ಬಹುಭಾಗ ವಸಾಹತು, ಅವರನ್ನು ಕೇಳಿದವರು ಯಾರು? ಆಮೇಲೆ 1963ರ ಒಇಸಿಡಿ ಕರಡು, 1980ರ ವಿಶ್ವಸಂಸ್ಥೆ ಮಾದರಿ, ದೇಶ ದೇಶಗಳ ನಡುವೆ ಸಾವಿರಾರು ಒಪ್ಪಂದ. ಬುನಾದಿ ಮಾತ್ರ ಹಳೆಯದೇ ಉಳಿಯಿತು.

ಆ ಬುನಾದಿಯಲ್ಲೇ ಒಂದು ಕಂಡಿ ಇತ್ತು. ಒಂದೇ ಕಂಪನಿಯ ಹತ್ತು ಶಾಖೆಗಳನ್ನು ನಿಯಮ ಹತ್ತು ಬೇರೆ ಕಂಪನಿಗಳೆಂದು ನೋಡುತ್ತದೆ. ಅವು ತಮ್ಮತಮ್ಮಲ್ಲೇ ಕೊಟ್ಟು ತೆಗೆದುಕೊಂಡರೆ, ಗುರುತು ಪರಿಚಯವಿಲ್ಲದವರು ವ್ಯಾಪಾರ ಮಾಡಿದಂತೆ ಬೆಲೆ ಹಾಕಬೇಕು. ಬಲಗೈ ಎಡಗೈಗೆ ಮಾರುವ ಸರಕಿಗೆ ಪೇಟೆ ಬೆಲೆ ಎಷ್ಟು ಅಂತ ಯಾರು ಹೇಳಬೇಕು? ಬ್ರ್ಯಾಂಡಿನ ಹೆಸರನ್ನು ಒಂದು ಸಣ್ಣ ದ್ವೀಪದ ಶಾಖೆಗೆ ಬರೆದುಕೊಟ್ಟರೆ ಸಾಕು, ಅಂಗಡಿ ಇರುವ ದೇಶದ ಲಾಭವೆಲ್ಲ ಹೆಸರು ಬಳಸಿದ ಬಾಬ್ತು ರಾಯಲ್ಟಿಯಾಗಿ ಅಲ್ಲಿಗೆ ಹೋಗುತ್ತದೆ. ಕೇಮನ್ ದ್ವೀಪದ ಉಗ್ಲಂಡ್ ಹೌಸ್ ಎಂಬ ಐದು ಮಹಡಿಯ ಕಟ್ಟಡದಲ್ಲಿ 18,857 ಕಂಪನಿಗಳು ನೋಂದಣಿಯಾಗಿವೆ ಎಂದು 2008ರಲ್ಲಿ ಅಮೆರಿಕದ ಸರ್ಕಾರಿ ಲೆಕ್ಕಪತ್ರ ಸಂಸ್ಥೆಯೇ ವರದಿ ಕೊಟ್ಟಿತು. ಇದರಲ್ಲಿ ಬಹಳಷ್ಟು ಕಾನೂನುಬದ್ಧ. ಕಿರಿಕಿರಿಯ ವಿಷಯ ಅದೇ.

1998ರಲ್ಲಿ ಒಇಸಿಡಿ ತಾನೇ ಇದರ ಬಗ್ಗೆ ಖಾರವಾದ ವರದಿ ಬರೆಯಿತು. 2000ದಲ್ಲಿ 35 ತೆರಿಗೆ ಸ್ವರ್ಗಗಳ, ಅಂದರೆ ತೆರಿಗೆ ಇಲ್ಲದ ಅಥವಾ ತೀರಾ ಕಡಿಮೆ ಇರುವ ಜಾಗಗಳ, ಪಟ್ಟಿ ಬಂತು. ಮರುವರ್ಷ ದೊಡ್ಡ ದೇಶಗಳ ಉತ್ಸಾಹ ಇಳಿಯಿತು. 2002ಕ್ಕೆ ‘ಸಹಕರಿಸದವರ’ ಪಟ್ಟಿಯಲ್ಲಿ ಉಳಿದದ್ದು ಏಳು, 2009ಕ್ಕೆ ಸೊನ್ನೆ. ಸ್ವರ್ಗಗಳೇನೂ ಮುಚ್ಚಿರಲಿಲ್ಲ. ಮಾಹಿತಿ ಕೊಡುತ್ತೇವೆ ಎಂದು ಬರೆದುಕೊಟ್ಟವರ ಹೆಸರು ಅಳಿಸಿದ್ದರು, ಅಷ್ಟೆ.

ನಾಗರಿಕ ಸಂಘಟನೆಗಳು ಒಳಗೆ ಬಂದದ್ದು ಈ ಹೊತ್ತಿನಲ್ಲಿ. ಅದುವರೆಗೆ ಅವರಿಗೆ ಗೊತ್ತಿದ್ದದ್ದು ಸಾಲಮನ್ನಾ, ನೆರವು, ವ್ಯಾಪಾರ. ತೆರಿಗೆ ಅಂದರೆ ಬೇಸರದ ವಿಷಯ. 2000ದಲ್ಲಿ ಬಡತನದ ವಿರುದ್ಧ ಕೆಲಸ ಮಾಡುವ ಆಕ್ಸ್‌ಫಾಮ್ ಸಂಸ್ಥೆ, ತೆರಿಗೆ ಸ್ವರ್ಗಗಳಿಂದ ಬಡ ದೇಶಗಳಿಗೆ ವರ್ಷಕ್ಕೆ ಕನಿಷ್ಠ 5,000 ಕೋಟಿ ಡಾಲರ್ ನಷ್ಟ ಎಂದು ಅಂದಾಜು ಮಾಡಿತು. ಬರುವ ನೆರವಿನ ಪಕ್ಕದಲ್ಲಿ ಇಟ್ಟು ನೋಡುವಷ್ಟು ದೊಡ್ಡ ಮೊತ್ತ. 2003ರಲ್ಲಿ ಟ್ಯಾಕ್ಸ್ ಜಸ್ಟಿಸ್ ನೆಟ್‌ವರ್ಕ್ ಹುಟ್ಟಿತು. ಅದನ್ನು ಮುನ್ನಡೆಸಿದ ಜಾನ್ ಕ್ರಿಸ್ಟೆನ್‌ಸನ್ ಹಿಂದೆ ತೆರಿಗೆ ಸ್ವರ್ಗವೆನಿಸಿದ ಜರ್ಸಿ ದ್ವೀಪದ ಸರ್ಕಾರಕ್ಕೆ ಆರ್ಥಿಕ ಸಲಹೆಗಾರರಾಗಿದ್ದವರು. ಒಳಗಿನ ವ್ಯವಹಾರ ಕಂಡವರು, ಲೆಕ್ಕಪರಿಶೋಧಕರು, ಕೈಯಲ್ಲಿ ಫಲಕ ಹಿಡಿದವರು ಒಟ್ಟಿಗೆ ಕೂತ ಚಳವಳಿ ಇದು. ಇಂಥ ಜೋಡಿ ಅಪರೂಪ.

ಅವರ ಬೇಡಿಕೆಗಳಲ್ಲಿ ನನಗೆ ಬಹಳ ಕುತೂಹಲ ಹುಟ್ಟಿಸಿದ್ದು ದೇಶವಾರು ಲೆಕ್ಕ. ರಿಚರ್ಡ್ ಮರ್ಫಿ ಎಂಬ ಬ್ರಿಟಿಷ್ ಲೆಕ್ಕಪರಿಶೋಧಕ 2003ರಲ್ಲಿ ಇದರ ಕರಡು ಬರೆದರು. ಕಂಪನಿಯೊಂದು ಪ್ರತಿ ದೇಶದಲ್ಲಿ ಎಷ್ಟು ಮಾರಿತು, ಎಷ್ಟು ಜನ ಕೆಲಸಕ್ಕಿದ್ದಾರೆ, ಎಷ್ಟು ಲಾಭ, ಎಷ್ಟು ತೆರಿಗೆ, ಇದನ್ನು ಬೇರೆ ಬೇರೆಯಾಗಿ ತೋರಿಸಲಿ ಎಂಬುದಷ್ಟೇ ಅದರ ಸಾರ. ಕೆಲಸಗಾರರೇ ಇಲ್ಲದ ದ್ವೀಪದಲ್ಲಿ ರಾಶಿ ಲಾಭ ಕಂಡರೆ ಯಾರಿಗಾದರೂ ಅರ್ಥವಾಗುತ್ತದೆ ಅಲ್ವಾ? ಕಂಪನಿಗಳು ಖರ್ಚು ಜಾಸ್ತಿ ಎಂದವು. ವ್ಯಾಪಾರದ ಗುಟ್ಟು ಬಯಲಾಗುತ್ತದೆ ಎಂದವು. ಲೆಕ್ಕಪತ್ರದ ಮಾನದಂಡ ಬರೆಯುವವರಿಗೂ ಆಸಕ್ತಿ ಇರಲಿಲ್ಲ. ವರ್ಷಗಟ್ಟಲೆ ಇದು ಸುಮ್ನೆ ಕೆಲವರ ಹುಚ್ಚು ಅನ್ನಿಸಿಕೊಂಡಿತ್ತು.

2008ರ ಆರ್ಥಿಕ ಕುಸಿತ ಎಲ್ಲವನ್ನೂ ಬದಲಿಸಿತು. ಬ್ಯಾಂಕುಗಳನ್ನು ಉಳಿಸಿ ಖಜಾನೆ ಬರಿದಾದಾಗ ಶ್ರೀಮಂತ ದೇಶದ ಜನರೂ ಕೇಳತೊಡಗಿದರು: ಗ್ರಂಥಾಲಯ ಮುಚ್ಚುತ್ತೀರಿ, ಇವರ ತೆರಿಗೆ ಎಲ್ಲಿ? 2010ರಲ್ಲಿ ಆಕ್ಷನ್‌ಏಡ್ ಎಂಬ ನಾಗರಿಕ ಸಂಘಟನೆ ಘಾನಾದಿಂದ ಒಂದು ವರದಿ ತಂದಿತು. ಅಕ್ರಾದಲ್ಲಿ ಬಿಯರ್ ಮಾರುವ ಒಬ್ಬ ಸಣ್ಣ ಅಂಗಡಿಯ ಹೆಂಗಸು, ಆ ಬಿಯರ್ ತಯಾರಿಸುವ ಕಾರ್ಖಾನೆಗಿಂತ ಜಾಸ್ತಿ ಆದಾಯ ತೆರಿಗೆ ಕಟ್ಟಿದ್ದಳು. ಕಂಪನಿ ತಾನು ತಪ್ಪೇನೂ ಮಾಡಿಲ್ಲ ಎಂದಿತು. ಆದರೆ ನೂರು ಪುಟದ ವಿಶ್ಲೇಷಣೆ ಮಾಡದ ಕೆಲಸವನ್ನು ಆ ಒಂದು ಹೋಲಿಕೆ ಮಾಡಿತು. 2012ರ ನವೆಂಬರಿನಲ್ಲಿ ಬ್ರಿಟನ್ ಸಂಸತ್ತಿನ ಸಮಿತಿ ದೊಡ್ಡ ದೊಡ್ಡ ಕಂಪನಿಗಳ ಅಧಿಕಾರಿಗಳನ್ನು ಕೂರಿಸಿ ಪ್ರಶ್ನೆ ಕೇಳಿತು. 2013ರ ಜೂನ್‌ನಲ್ಲಿ ಉತ್ತರ ಐರ್ಲೆಂಡಿನ ಲಾಕ್ ಅರ್ನ್‌ನಲ್ಲಿ ಸೇರಿದ ಜಿ8 ನಾಯಕರು ದೇಶವಾರು ಲೆಕ್ಕಕ್ಕೆ ತಾತ್ವಿಕವಾಗಿ ಒಪ್ಪಿದರು.

ಹತ್ತು ವರ್ಷದಲ್ಲಿ ಹುಚ್ಚು ಎಂದವರೇ ಹೂಂ ಎಂದರು. ನಂತರ ಆದದ್ದು ನೋಡಿ. ನಿಯಮ ಬರೆಯುವ ಕೆಲಸ ಒಇಸಿಡಿಗೆ ಹೋಯಿತು. 2015ರಲ್ಲಿ ಸಿದ್ಧವಾದ ನಿಯಮ ವರ್ಷಕ್ಕೆ 75 ಕೋಟಿ ಯೂರೊಗಿಂತ ಜಾಸ್ತಿ ವಹಿವಾಟಿನ ಕಂಪನಿಗಳಿಗೆ ಮಾತ್ರ. ಲೆಕ್ಕ ಸಾರ್ವಜನಿಕರಿಗಿಲ್ಲ, ಕೇಂದ್ರ ಕಚೇರಿ ಇರುವ ದೇಶದ ತೆರಿಗೆ ಇಲಾಖೆಗೆ ಗುಟ್ಟಾಗಿ ಕೊಡಬೇಕು. ಬೇರೆ ದೇಶಕ್ಕೆ ಬೇಕಿದ್ದರೆ ಮಾಹಿತಿ ವಿನಿಮಯದ ಒಪ್ಪಂದ ಇರಬೇಕು, ಗೌಪ್ಯ ಕಾಪಾಡುವ ವ್ಯವಸ್ಥೆ ಇದೆಯೆಂದು ತೋರಿಸಬೇಕು. ಯಾರಿಗಾಗಿ ಬೇಡಿಕೆ ಹುಟ್ಟಿತ್ತೋ ಆ ಬಡ ದೇಶಗಳಲ್ಲಿ ಹಲವಕ್ಕೆ ಇದು ಕೈಗೆ ಸಿಗುವ ಹಾಗಿರಲಿಲ್ಲ.

ಬ್ಯಾಂಕ್ ಖಾತೆಗಳ ಮಾಹಿತಿಯ ಕಥೆಯೂ ಹೆಚ್ಚುಕಡಿಮೆ ಇದೇ. 2009ರ ಲಂಡನ್ ಜಿ20 ಸಭೆಯಲ್ಲಿ ಬ್ಯಾಂಕ್ ಗೌಪ್ಯದ ಕಾಲ ಮುಗಿಯಿತು ಎಂದು ಘೋಷಿಸಿದರು, ಕೊಟ್ಟದ್ದು ಕೇಳಿದಾಗ ಮಾತ್ರ ಮಾಹಿತಿ. ಯಾರ ಖಾತೆ ಎಲ್ಲಿದೆ ಎಂದು ಗೊತ್ತಿಲ್ಲದೆ ಏನಂತ ಕೇಳುವುದು? ತಾನಾಗಿಯೇ ಮಾಹಿತಿ ಹೋಗುವ ಏರ್ಪಾಡು ಶುರುವಾಗಲು 2017 ಬರಬೇಕಾಯಿತು. ಅದರಲ್ಲೂ ತಾನು ಕೊಟ್ಟರೆ ಮಾತ್ರ ಪಡೆಯಬಹುದು ಎಂಬ ಷರತ್ತು.

ಗುಟ್ಟಿನ ತೆರಿಗೆ ವ್ಯವಹಾರಗಳ ದಾಖಲೆಗಳೂ ಸೋರತೊಡಗಿದವು: 2014ರಲ್ಲಿ ಲಕ್ಸೆಂಬರ್ಗ್ ದಾಖಲೆಗಳು, 2016ರಲ್ಲಿ ಪನಾಮಾದ 1.15 ಕೋಟಿ ಕಡತಗಳು, 2017 ಮತ್ತು 2021ರಲ್ಲಿ ಮತ್ತೆರಡು ಸೋರಿಕೆ. ಜನರ ಸಿಟ್ಟಿಗೆ ಕೊರತೆ ಇರಲಿಲ್ಲ. ಲಕ್ಸೆಂಬರ್ಗ್ ಪ್ರಕರಣದಲ್ಲಿ ದಾಖಲೆ ಹೊರಗೆ ಕೊಟ್ಟವರೇ ಕಟಕಟೆ ಹತ್ತಬೇಕಾಯಿತು ಎನ್ನುವುದು ಬೇರೆ ಮಾತು.

ಅಷ್ಟರಲ್ಲಿ ಚಳವಳಿಗಾರರ ಪ್ರಶ್ನೆ ಬದಲಾಗಿತ್ತು. ಯಾವ ನಿಯಮ ಬೇಕು ಎನ್ನುವುದಕ್ಕಿಂತ ನಿಯಮ ಯಾವ ಕೋಣೆಯಲ್ಲಿ ಬರೆಯುತ್ತಾರೆ ಎನ್ನುವುದು ಮುಖ್ಯ ಎಂದು ಅವರಿಗೆ ಅನ್ನಿಸತೊಡಗಿತು. 2015ರ ಜುಲೈನಲ್ಲಿ ಅಡಿಸ್ ಅಬಾಬಾದಲ್ಲಿ ನಡೆದ ವಿಶ್ವಸಂಸ್ಥೆಯ ಸಮ್ಮೇಳನದಲ್ಲಿ ಇದು ಬಹಿರಂಗ ಜಗಳವಾಯಿತು. ವಿಶ್ವಸಂಸ್ಥೆಯಲ್ಲಿ 25 ತಜ್ಞರ ತೆರಿಗೆ ಸಮಿತಿಯೊಂದಿದೆ. ಅವರು ಕೂರುವುದು ವೈಯಕ್ತಿಕ ನೆಲೆಯಲ್ಲಿ, ಸರ್ಕಾರಗಳ ಪರವಾಗಿ ಅಲ್ಲ. ಅದನ್ನು ಸರ್ಕಾರಗಳ ಸಮಿತಿಯಾಗಿ ಮಾಡಿ ಎಂದು ಅಭಿವೃದ್ಧಿಶೀಲ ದೇಶಗಳ ಗುಂಪಾದ ಜಿ77 ಪಟ್ಟು ಹಿಡಿಯಿತು. ಭಾರತದ ದನಿಯೂ ಅದರಲ್ಲಿ ಜೋರಾಗಿತ್ತು. ಆಗಲಿಲ್ಲ.

ಬದಲಿಗೆ 2016ರಲ್ಲಿ ಒಇಸಿಡಿ ತನ್ನ ಬಾಗಿಲನ್ನು ಎಲ್ಲ ದೇಶಗಳಿಗೆ ತೆರೆಯಿತು, ಸಮಾನ ಸ್ಥಾನ ಎಂದಿತು. ಆದರೆ ಒಳಗೆ ಬರುವವರು ಅದಾಗಲೇ ತೀರ್ಮಾನವಾಗಿದ್ದನ್ನು ಒಪ್ಪಿಕೊಂಡೇ ಬರಬೇಕಿತ್ತು. 2021ರ ಅಕ್ಟೋಬರಿನಲ್ಲಿ 136 ದೇಶಗಳು ಶೇ 15ರ ಕನಿಷ್ಠ ತೆರಿಗೆಗೆ ಸಹಿ ಹಾಕಿದವು. ಕೀನ್ಯಾ, ನೈಜೀರಿಯಾ, ಶ್ರೀಲಂಕಾ, ಪಾಕಿಸ್ತಾನ ಹಾಕಲಿಲ್ಲ. ಹಲವು ಸಂಘಟನೆಗಳು ಕೇಳಿದ್ದು ಶೇ 25. ಡಿಜಿಟಲ್ ಕಂಪನಿಗಳ ಮೇಲೆ ತಾವೇ ಹಾಕಿದ್ದ ತೆರಿಗೆಯನ್ನು ದೇಶಗಳು ಕೈಬಿಡಬೇಕೆಂಬ ಮಾತೂ ಒಪ್ಪಂದದ ಜೊತೆಗೇ ಬಂತು.

ಮುಂದಿನ ಹೆಜ್ಜೆ ಆಫ್ರಿಕಾ ದೇಶಗಳದ್ದು. 2022ರಲ್ಲಿ ಅವರು ಮಂಡಿಸಿದ ನಿರ್ಣಯ ವಿಶ್ವಸಂಸ್ಥೆಯಲ್ಲಿ ವಿರೋಧವಿಲ್ಲದೆ ಪಾಸಾಯಿತು. 2023ರ ನವೆಂಬರಿನಲ್ಲಿ ಒಪ್ಪಂದವೇ ಆಗಲಿ ಎಂಬ ನಿರ್ಣಯಕ್ಕೆ ಪರ 125, ವಿರುದ್ಧ 48. ವಿರುದ್ಧ ಇದ್ದವರಲ್ಲಿ ಬಹುತೇಕರು ಒಇಸಿಡಿಯವರು ಮತ್ತು ಐರೋಪ್ಯ ಒಕ್ಕೂಟದವರು. 2024ರ ಡಿಸೆಂಬರಿನಲ್ಲಿ ಮಾತುಕತೆಯ ಚೌಕಟ್ಟಿಗೆ ಮತ ಹಾಕಿದಾಗ ಪರ 119, ವಿರುದ್ಧ ಒಂಬತ್ತೇ, 43 ದೇಶಗಳು ತಟಸ್ಥ. ಯುರೋಪ್ ಬೇಡ ಎನ್ನುವುದನ್ನು ಬಿಟ್ಟು ಸುಮ್ಮನೆ ಕೂತಿತು, ಅದೇ ಒಂದು ಬದಲಾವಣೆ. 2025ರ ಫೆಬ್ರುವರಿಯಲ್ಲಿ ಅಮೆರಿಕ ಮಾತುಕತೆಯಿಂದ ಎದ್ದು ಹೋಯಿತು. ಅದೇ ಜೂನ್‌ನಲ್ಲಿ ಅಮೆರಿಕದ ಕಂಪನಿಗಳಿಗೆ ಶೇ 15ರ ನಿಯಮದ ಕೆಲವು ಭಾಗಗಳಿಂದ ವಿನಾಯಿತಿ ಕೊಡಲು ಜಿ7 ಒಪ್ಪಿತು. ಈಗ ಆ ಒಪ್ಪಂದದಲ್ಲಿ ಎಷ್ಟು ಉಳಿಯಿತು ಎಂದು ನೀವೇ ಲೆಕ್ಕ ಹಾಕಿ.

ವಿಶ್ವಸಂಸ್ಥೆಯ ಮಾತುಕತೆಯಲ್ಲಿ ಮುಖ್ಯ ಒಪ್ಪಂದದ ಜೊತೆಗೆ ಎರಡು ಉಪ ಒಪ್ಪಂದಗಳ ಕರಡೂ ನಡೆದಿದೆ. ಒಂದು, ಗಡಿಯಾಚೆಯಿಂದ ಕೊಡುವ ಸೇವೆಗಳ ತೆರಿಗೆ. ಇನ್ನೊಂದು, ತೆರಿಗೆ ವ್ಯಾಜ್ಯ. ಇಲ್ಲಿ ಒಮ್ಮತ ಸಿಗದಿದ್ದರೆ ಮತಕ್ಕೆ ಹಾಕಬಹುದು. ನಾಗರಿಕ ಸಂಘಟನೆಗಳು ಸಭಾಂಗಣದಲ್ಲಿ ಕೂತು ಮಾತನಾಡಬಹುದು. ದೊಡ್ಡ ಕಂಪನಿಗಳ ಕೇಂದ್ರ ಕಚೇರಿ ಇರುವ ದೇಶಗಳೇ ಸಹಿ ಹಾಕದಿದ್ದರೆ ಏನು ಪ್ರಯೋಜನ ಎಂದು ಕೆಲವರು ಕೇಳುತ್ತಾರೆ. ಸರಿಯಾದ ಪ್ರಶ್ನೆಯೇ. ಆದರೆ ವ್ಯಾಪಾರ ನಡೆಯುವ ದೇಶಗಳು ಒಟ್ಟಾಗಿ ಒಂದೇ ನಿಯಮ ಹಾಕಿದರೆ ಕಂಪನಿಗಳು ಆ ಪೇಟೆಗಳನ್ನೆಲ್ಲ ಬಿಟ್ಟು ಹೋಗುವುದು ಕಷ್ಟ ಎಂಬ ವಾದವೂ ಇದೆ. ನನಗೆ ಇದರಲ್ಲಿ ಹುರುಳಿದೆ ಅನ್ನಿಸುತ್ತದೆ.

ಚಳವಳಿಗಾರರು ಈಗ ಒತ್ತಿ ಹೇಳುತ್ತಿರುವುದು ಕಂಪನಿಯನ್ನು ಹತ್ತು ತುಂಡಾಗಿ ನೋಡುವುದನ್ನೇ ಬಿಡಿ ಎಂದು. ಇಡೀ ಲಾಭವನ್ನು ಒಂದೇ ರಾಶಿ ಮಾಡಿ, ಮಾರಾಟ, ಕೆಲಸಗಾರರು, ಆಸ್ತಿ ಎಲ್ಲಿ ಎಷ್ಟಿದೆ ಎನ್ನುವ ಸೂತ್ರದ ಮೇಲೆ ದೇಶಗಳಿಗೆ ಹಂಚಿ ಎನ್ನುತ್ತಾರೆ. ಆಗದ ಮಾತು ಎನ್ನುವವರಿದ್ದಾರೆ. ಅಮೆರಿಕದ ರಾಜ್ಯಗಳು ಮತ್ತು ಕೆನಡಾದ ಪ್ರಾಂತ್ಯಗಳು ತಮ್ಮೊಳಗೆ ಕಂಪನಿಗಳ ಲಾಭ ಹಂಚಿಕೊಳ್ಳುವುದು ಬಹಳ ಕಾಲದಿಂದ ಇಂಥದೇ ಸೂತ್ರಗಳಲ್ಲಿ.