ಅಸುರನ ಕೈ ಅದುರುವುದೇಕೆ? ಸಿನಿಮಾ ರೋಬೋಟ್‌ಗಳ ಹಿನ್ನೆಲೆ

ವಿಜಯದಶಮಿಯ ರಾತ್ರಿ ಮಡಿಕೇರಿಯಲ್ಲಿ ದಶಮಂಟಪಗಳು ಹೊರಟಾಗ ಜನ ಮುಗಿಬಿದ್ದು ನೋಡುವುದು ಕಲಾಕೃತಿಗಳ ಚಲನೆಯನ್ನು. ಅಸುರನ ಕೈ ಮೇಲೇಳುತ್ತದೆ, ನಿಲ್ಲುವಾಗ ಒಮ್ಮೆ ಅದುರುತ್ತದೆ. ಅದುರಿಸುವುದು ಭಾರ. 1 ಮೀಟರ್ ಉದ್ದ, 4 ಕಿಲೋ ತೂಕದ ಕೈಯನ್ನು ಅಡ್ಡಲಾಗಿ ಹಿಡಿದಿಡಲು ಭುಜದ ಕೀಲಿಗೆ ಸುಮಾರು 20 ನ್ಯೂಟನ್ ಮೀಟರ್ ತಿರುಚುಬಲ ಬೇಕು. ಕೀಲಿನ ಹಿಂದೆ ಎದುರುತೂಕವನ್ನೋ ಸ್ಪ್ರಿಂಗನ್ನೋ ಕೊಡದಿದ್ದರೆ ಹೊರೆಯೆಲ್ಲ ಮೋಟರಿನ ಮೇಲೆ ಬಿದ್ದು ಗೇರಿನ ಹಲ್ಲು ಸವೆಯುತ್ತದೆ. ಸವೆದಷ್ಟೂ ಕೈ ಅಲುಗಾಡುತ್ತದೆ.

ಸಿನಿಮಾದ ರೋಬೋಟ್‌ಗಳೂ ಮೊದಲಿನಿಂದ ಗುದ್ದಾಡಿದ್ದು ಇದೇ ಭಾರದ ಜೊತೆ. ತೆರೆಯ ಮೇಲೆ ಯಂತ್ರಮಾನವ ಹೇಗೆ ನಡೆಯಬೇಕೆಂದು ಕಥೆಗಾರನಿಗಿಂತ ಹೆಚ್ಚಾಗಿ ತೀರ್ಮಾನಿಸಿದ್ದು ಅವನನ್ನು ಕಟ್ಟಿದ ಸಾಮಗ್ರಿ.

ರೋಬೋಟ್ ಎಂಬ ಮಾತು ಬಂದದ್ದು ಕರೆಲ್ ಚಾಪೆಕ್‌ನ 1920ರ ಜೆಕ್ ನಾಟಕದಿಂದ. ಮೂಲದ ‘ರೊಬೊಟಾ’ ಎಂದರೆ ನಮ್ಮ ಬಿಟ್ಟಿ ಚಾಕರಿ. ಆ ನಾಟಕದ ರೋಬೋಟ್‌ಗಳು ಕಬ್ಬಿಣದವಲ್ಲ, ನೋಡಲು ಮನುಷ್ಯರೇ. ಲೋಹದ ಮೈಯನ್ನು ಜನರ ಮನಸ್ಸಿನಲ್ಲಿ ಕೂರಿಸಿದ್ದು 1927ರ ಜರ್ಮನ್ ಚಿತ್ರ ‘ಮೆಟ್ರೊಪೊಲಿಸ್’. ತಾಮ್ರದ ತಗಡು ಬಡಿದು ಮಾಡಿದರೆ ಹೊರಲಾಗದಷ್ಟು ಭಾರವಾಗುತ್ತದೆಂದು ಶಿಲ್ಪಿ ವಾಲ್ಟರ್ ಶುಲ್ಟ್ಸೆ-ಮಿಟೆನ್‌ಡಾರ್ಫ್ ಒಣಗಿದರೆ ಗಟ್ಟಿಯಾಗುವ ಮರದ ಪುಡಿಯ ಲೇಪ ಹಿಡಿದರು. ನಟಿ ಬ್ರಿಗಿಟೆ ಹೆಲ್ಮ್ ಮೈಯ ಪ್ಲಾಸ್ಟರ್ ಅಚ್ಚು ತೆಗೆದು, ಗೋಣಿಬಟ್ಟೆಯ ತುಂಡುಗಳಿಗೆ ಲೇಪ ಹಚ್ಚಿ, ಅಚ್ಚಿಗೆ ಒತ್ತಿ, ಮೇಲೆ ಬೆಳ್ಳಿಬಣ್ಣ ಸಿಂಪಡಿಸಿದರು. ತೆರೆಯಲ್ಲಿ ಅಪ್ಪಟ ಲೋಹ. ಒಳಗಿದ್ದ ನಟಿಗೆ ಮೈ ಗೀರುವ, ಬಗ್ಗಲು ಬಿಡದ ಚಿಪ್ಪು. ಇವತ್ತಿಗೂ ಶಾಲಾ ವಾರ್ಷಿಕೋತ್ಸವದಲ್ಲಿ ಮಕ್ಕಳು ರೋಬೋಟ್ ಆದಾಗ ಹಾಕುವ ಸೆಟೆದ ಹೆಜ್ಜೆಯ ಬೇರು ಇಂಥ ಚಿಪ್ಪುಗಳಲ್ಲೇ ಇದೆ.

1968ರಲ್ಲಿ ‘2001: ಎ ಸ್ಪೇಸ್ ಒಡಿಸ್ಸಿ’ ಮೈಯನ್ನೇ ಕೈಬಿಟ್ಟಿತು. ಅದರಲ್ಲಿ ಬಾಹ್ಯಾಕಾಶ ನೌಕೆ ನಡೆಸುವ ಕಂಪ್ಯೂಟರ್ ಹ್ಯಾಲ್‌ಗೆ ಇದ್ದದ್ದು ಕೆಂಪು ಮಸೂರ, ಒಂದು ದನಿ, ಅಷ್ಟೇ. 1977ರ ‘ಸ್ಟಾರ್ ವಾರ್ಸ್’ ಮತ್ತೆ ಮನುಷ್ಯರನ್ನು ಒಳಗೆ ಕೂರಿಸಿತು. 3 ಅಡಿ 8 ಇಂಚಿನ ಕೆನ್ನಿ ಬೇಕರ್ ಆರ್‌ಟು-ಡಿಟುವಿನ ಡಬ್ಬಿಯೊಳಗೆ ಕೂತು ಅದನ್ನು ಅತ್ತಿತ್ತ ತೂಗಿದರು. ಮೂರು ಕಾಲಲ್ಲಿ ಉರುಳುವಾಗ ಮಾತ್ರ ರಿಮೋಟ್. ಚಿನ್ನದ ಬಣ್ಣದ ಸಿ-ಥ್ರೀಪಿಓ ಕವಚ ತೊಟ್ಟ ಆಂಟನಿ ಡೇನಿಯಲ್ಸ್‌ಗೆ ಮೊದಲ ದಿನವೇ ಎಡಗಾಲಿನ ಭಾಗ ಒಡೆದು ಪಾದಕ್ಕೆ ಚುಚ್ಚಿತು.

ಒಳಗೆ ಮನುಷ್ಯ ಹಿಡಿಸದಷ್ಟು ತೆಳ್ಳಗಿನ ಅಸ್ಥಿಪಂಜರ ಬೇಕಾದಾಗ? 1984ರ ‘ದಿ ಟರ್ಮಿನೇಟರ್’ ಹತ್ತಿರದ ಶಾಟ್‌ಗಳಿಗೆ ಆಳೆತ್ತರದ ಬೊಂಬೆ ಬಳಸಿತು. ಇಡೀ ಮೈ ನಡೆಯುವಲ್ಲಿ ಚಿಕ್ಕ ಮಾದರಿಯನ್ನು ಒಂದೊಂದೇ ಫ್ರೇಮಿಗೆ ಕೂದಲೆಳೆಯಷ್ಟು ಸರಿಸಿ ಚಿತ್ರೀಕರಿಸಿದರು. ಸೆಕೆಂಡಿಗೆ 24 ಫ್ರೇಮ್. ನಿಜವಾಗಿ ಓಡುವ ವಸ್ತು ಪ್ರತಿ ಫ್ರೇಮಿನಲ್ಲೂ ಕೊಂಚ ಮಸುಕಾಗುತ್ತದೆ; ನಿಂತ ಬೊಂಬೆಯ ಫ್ರೇಮ್ ಪೂರಾ ಸ್ಪಷ್ಟ, ಹಾಗಾಗಿ ಚಲನೆ ಕಡಿದು ಕಡಿದು ಕಾಣುತ್ತದೆ. ನನ್ನ ಕಣ್ಣಿಗೆ ಆ ಕಡಿತವೇ ಹೆಚ್ಚು ಭಯಂಕರ.

ನಮ್ಮಲ್ಲಿ ತಾರೆಯ ಮುಖವೇ ಯಂತ್ರವಾಯಿತು: 2002ರ ‘ಹಾಲಿವುಡ್’ನಲ್ಲಿ ಉಪೇಂದ್ರ, 2010ರ ‘ಎಂದಿರನ್’ನಲ್ಲಿ ರಜನೀಕಾಂತ್. ಎರಡನೆಯದರಲ್ಲಿ ನೂರಾರು ರೋಬೋಟ್‌ಗಳು ಕೂಡಿ ಉಂಡೆಯಾಗುವುದು, ಹಾವಾಗುವುದು ಕಂಪ್ಯೂಟರಿನ ಕೆಲಸ.

ಕಂಪ್ಯೂಟರಿನೊಳಗಿನ ಮೈಗೆ ತೂಕವೇ ಇಲ್ಲ. ಹಾಗೇ ಬಿಟ್ಟರೆ ಅದು ತೇಲಿದಂತೆ ಕಾಣುತ್ತದೆ. ಆದ್ದರಿಂದ ಅನಿಮೇಟರ್ ಪಾದ ಊರಿದೊಡನೆ ಮಂಡಿ ಕುಸಿಸುತ್ತಾರೆ, ಎತ್ತಿದ ಕೈಯನ್ನು ನಿಲ್ಲಬೇಕಾದ ಜಾಗ ದಾಟಿಸಿ ಕೆಲವೇ ಫ್ರೇಮಿನಲ್ಲಿ ಹಿಂದಕ್ಕೆ ತರುತ್ತಾರೆ. ಮಡಿಕೇರಿಯ ಅಸುರನ ಕೈಯಲ್ಲಿ ತಾನಾಗಿ ಬರುವ ಅದುರನ್ನು ಅಲ್ಲಿ ಹೀಗೆ ಕೂತು ಕೂತು ತುಂಬಬೇಕು.