ಮೂವತ್ತೊಂಬತ್ತು ನಿಮಿಷದ ಕಥೆ

ಪ್ರಶ್ನೆ: ಕಾಲಕ್ರಮ ಮುರಿದು ಕಥೆ ಹೇಳುವುದೆಂದರೆ ಫ್ಲ್ಯಾಶ್‌ಬ್ಯಾಕ್ ತಾನೆ? ಅದರಲ್ಲಿ ಹೊಸದೇನಿದೆ?

ಫ್ಲ್ಯಾಶ್‌ಬ್ಯಾಕಿನಲ್ಲಿ ಹೊಸದೇನೂ ಇಲ್ಲ. ಮಹಾಭಾರತದಲ್ಲಿ ಸಂಜಯ ಮೊದಲು ಭೀಷ್ಮ ಬಿದ್ದ ಸುದ್ದಿಯನ್ನು ಧೃತರಾಷ್ಟ್ರನಿಗೆ ಮುಟ್ಟಿಸುತ್ತಾನೆ. ಯುದ್ಧ ಶುರುವಾದ ಬಗೆಯನ್ನು ಹೇಳುವುದು ಆಮೇಲೆ. ಮಳೆಗಾಲದಲ್ಲಿ ಮುಂಬಯಿಗೆ ಬರುವ ಯಕ್ಷಗಾನ ಮೇಳದ ಮುಂದೆ ಕೂತವರಿಗೂ ಪ್ರಸಂಗದ ಕೊನೆ ಗೊತ್ತೇ ಇರುತ್ತದೆ. ಇಲ್ಲೆಲ್ಲ ಹೇಳುವ ಕ್ರಮ ಬದಲಾಗಬಹುದು, ನಡೆದ ಕ್ರಮ ಅಲುಗುವುದಿಲ್ಲ. ಓದುಗ ಚೂರುಗಳನ್ನು ಹೆಕ್ಕಿ ಸಾಲಾಗಿಟ್ಟರೆ ಕಾಲ ಮತ್ತೆ ನೆಟ್ಟಗಾಗುತ್ತದೆ. ಹಾಗೆ ಸಾಲಾಗಿಡಲು ಬಾರದ ಕಥೆ ಹೇಗಿರಬಹುದು? ಮುಂದೆ ಹೇಳುವ ತಂತ್ರ ನನ್ನ ಕಲ್ಪನೆ. ಸಾಮಗ್ರಿ ಮಾತ್ರ ಈ ಮುಂಬಯಿಯದು.

1906ರಲ್ಲಿ ದೇಶಕ್ಕೆಲ್ಲ ಒಂದೇ ಸಮಯ ಜಾರಿಗೆ ಬಂದಾಗ ಮುಂಬಯಿ ಸುಲಭಕ್ಕೆ ಒಪ್ಪಲಿಲ್ಲ. ಹೊಸ ಸಮಯ 82.5 ಡಿಗ್ರಿ ರೇಖಾಂಶದ್ದು. ಮುಂಬಯಿ ಇರುವುದು 73 ಡಿಗ್ರಿಗೂ ತುಸು ಪಶ್ಚಿಮಕ್ಕೆ. ಡಿಗ್ರಿಗೆ 4 ನಿಮಿಷದಂತೆ ವ್ಯತ್ಯಾಸ 39 ನಿಮಿಷ. ರೈಲು ಹೊಸ ಗಡಿಯಾರ ಹಿಡಿಯಿತು, ನಗರಪಾಲಿಕೆ ಹಳೆಯದನ್ನೇ ಹಿಡಿದು ಕೂತಿತು. ಸ್ವಾತಂತ್ರ್ಯ ಬಂದ ಮೇಲೂ ಈ ಹಠ ಕೆಲಕಾಲ ನಡೆಯಿತು. ಒಂದೇ ರಸ್ತೆಯ ಎರಡು ಗೋಡೆಗಳಲ್ಲಿ ಎರಡು ಹೊತ್ತು! ಕಥೆಗಾರನಿಗೆ ಇದಕ್ಕಿಂತ ದೊಡ್ಡ ಉಡುಗೊರೆ ಬೇಕೆ?

ತಂತ್ರ ಇಷ್ಟು: ಕಥೆಯಲ್ಲಿ ಎರಡು ಗಡಿಯಾರ ಇರಲಿ, ಎರಡೂ ಸರಿಯಾಗಿರಲಿ. ಉದಾಹರಣೆಗೆ 1938, ಮುಂಬಯಿಯ ಕೋಟೆ (ಫೋರ್ಟ್) ಭಾಗದ ಒಂದು ಉಡುಪಿ ಹೋಟೆಲು. ಕುಂದಾಪುರದ ಕಡೆಯ ಮಾಣಿಯೊಬ್ಬ ಹಗಲು ಟೇಬಲ್ ಒರೆಸುತ್ತಾನೆ, ರಾತ್ರಿ ಕನ್ನಡ ಶಾಲೆಗೆ ಹೋಗುತ್ತಾನೆ. ವಿ.ಟಿ. (ವಿಕ್ಟೋರಿಯಾ ಟರ್ಮಿನಸ್) ರೈಲು ನಿಲ್ದಾಣದ ಗಡಿಯಾರದಲ್ಲಿ ಅವನ ಕೈಗೆ ತಂತಿ ಬಂದಿದೆ: ಅಮ್ಮನಿಗೆ ಕಾಯಿಲೆ, ಹಣ ಕಳುಹಿಸು. ಹೋಟೆಲಿನ ಗಡಿಯಾರದಲ್ಲಿ ಯಾವ ತಂತಿಯೂ ಇಲ್ಲ. ಗಲ್ಲಾದ ಹಿಂದಿನಿಂದ ಧಣಿ, "ಮಾಣಿ, ಮನಿಯಾರ್ಡರಿನ ದುಡ್ಡು ತಕ್ಕೋ" ಎಂದು ನೋಟು ಚಾಚುತ್ತಾರೆ. ಏಕೆಂದು ಅವರಿಗೂ ತಿಳಿಯದು. ಹುಡುಗ ಒದ್ದೆ ಕೈಯನ್ನು ಅಂಗಿಗೆ ಒರೆಸುತ್ತ ನೋಟು ತೆಗೆದುಕೊಳ್ಳುತ್ತಾನೆ. ಊರಿನಲ್ಲಿ ಅಕ್ಕ ಆ ತಂತಿಯ ಶುಲ್ಕ ಕಟ್ಟುತ್ತಿರುವುದು ಈ ಮನಿಯಾರ್ಡರಿನ ಹಣದಿಂದಲೇ.

ತಂತಿ ಬಂದದ್ದಕ್ಕೆ ಹಣ ಹೋಯಿತೋ, ಹಣ ಹೋದದ್ದಕ್ಕೆ ತಂತಿ ಬಂತೋ? ಈ ಗಂಟು ಬಿಚ್ಚಬಾರದು. 39 ನಿಮಿಷ ಕಳೆದು ಲೆಕ್ಕ ಸರಿಮಾಡಬಹುದು ಎನಿಸಿದರೆ ತಂತ್ರ ಸೋತಂತೆ. ಕಾಲಯಂತ್ರದ ಕಥೆಗಳಿಗೂ ಇದಕ್ಕೂ ನಂಟಿಲ್ಲ, ಏಕೆಂದರೆ ಇಲ್ಲಿ ಯಾರೂ ಎಲ್ಲಿಗೂ ಪ್ರಯಾಣ ಮಾಡುವುದಿಲ್ಲ, ಯಾರಿಗೂ ಅಚ್ಚರಿಯೂ ಆಗುವುದಿಲ್ಲ. ಪಾತ್ರವೊಂದು "ಅರೆ, ಇದು ಹೇಗಾಯಿತು?" ಎಂದು ಬಾಯಿಬಿಟ್ಟರೆ ಆ ಸಾಲನ್ನು ಅಲ್ಲೇ ಹೊಡೆದುಹಾಕಿ.

ಕನ್ನಡದಲ್ಲಿ ಬರೆಯುವವರಿಗೆ ಇನ್ನೊಂದು ತೊಡಕಿದೆ. "ಎದ್ದು, ಮುಖ ತೊಳೆದು, ಚಹಾ ಕುಡಿದು, ಹೊರಟ" ಎಂದ ಕೂಡಲೇ ನಮ್ಮ ವಾಕ್ಯವೇ ಗಡಿಯಾರವಾಗುತ್ತದೆ. "ಮೊದಲು", "ಆಮೇಲೆ" ಬಿಟ್ಟರೆ ಸಾಲದು, ಈ ಸರಪಳಿಯನ್ನೂ ಬಿಡಬೇಕು. ಚಿಕ್ಕ ವಾಕ್ಯ, ವರ್ತಮಾನದ ಕ್ರಿಯಾಪದ, ಹೆಚ್ಚೆಂದರೆ "ಒರೆಸುತ್ತ", "ನಗುತ್ತ". ಬರೆಯಲು ಕೈ ಒಪ್ಪುವುದಿಲ್ಲ, ಅಭ್ಯಾಸ ಬೇಕು.

ಓದುಗ ದಾರಿ ತಪ್ಪುವುದಿಲ್ಲವೇ? ಹೊತ್ತು ತಪ್ಪಿದರೂ ಜಾಗ ತಪ್ಪದಂತೆ ನೋಡಿಕೊಂಡರೆ ಸಾಕು: ಗಲ್ಲಾ, ಅಂಚೆ ಕಚೇರಿ, ಪ್ಲಾಟ್‌ಫಾರ್ಮ್. ಆರೇಳು ಪುಟಕ್ಕೆ ಈ ಉಪಾಯ ಸರಿ; ಕಾದಂಬರಿಗೆ ಎಳೆದರೆ ಓದುಗನ ಸಹನೆ ಕೆಡುತ್ತದೆ ಎಂದೇ ನನ್ನ ಅನಿಸಿಕೆ. ಪತ್ತೇದಾರಿ ಕಥೆಗಂತೂ ಹಚ್ಚಲೇಬೇಡಿ, ಕೊಲೆಯ ಹೊತ್ತಿಗೆ ತಾನು ಬೇರೆಡೆ ಇದ್ದೆನೆಂದು ಪ್ರತಿ ಆರೋಪಿಯೂ ಸಾಬೀತು ಮಾಡಿಬಿಡುತ್ತಾನೆ.